ಆ್ಯಶ್ಲಿ: ಹೆಸರಿನೊಳಗೊಂದು ತೋಪು

ಮೈಸೂರು: ಮಗುವಿಗೆ ಹೆಸರಿಡುವ ಹೊತ್ತಿಗೆ ಹೆತ್ತವರು ಕೇಳುವ ಪ್ರಶ್ನೆಗಳು ಸಾಮಾನ್ಯವಾಗಿ ಎರಡು. ‘ಈ ಹೆಸರಿನ ಅರ್ಥವೇನು?’ ಎಂಬುದು ಮೊದಲನೆಯದು. ‘ಈ ಹೆಸರಿನವರ ಸ್ವಭಾವ ಹೇಗಿರುತ್ತದೆ?’ ಎಂಬುದು ಎರಡನೆಯದು. ಮೊದಲ ಪ್ರಶ್ನೆಗೆ ನಿಘಂಟು ಉತ್ತರ ಕೊಡುತ್ತದೆ. ಎರಡನೆಯದಕ್ಕೆ ಉತ್ತರ ಕೊಡಲು ಸಂಖ್ಯಾಶಾಸ್ತ್ರದವರಿಂದ ಹಿಡಿದು ಹೆಸರಿನ ಪುಸ್ತಕಗಳವರೆಗೆ ಹಲವರು ಸಿದ್ಧರಿದ್ದಾರೆ. ಆ ಉತ್ತರವನ್ನು ಎಷ್ಟರ ಮಟ್ಟಿಗೆ ನಂಬಬೇಕು ಎಂಬುದನ್ನು ಒಂದೇ ಒಂದು ಹೆಸರನ್ನು ಬಿಡಿಸಿ ನೋಡುವ ಮೂಲಕ ತಿಳಿಯಬಹುದು. ಆ ಹೆಸರು ‘ಆ್ಯಶ್ಲಿ’.

ಈ ಹೆಸರನ್ನು ಕೇಳಲು ಇಂಗ್ಲೆಂಡಿಗೆ ಹೋಗಬೇಕಿಲ್ಲ. ಪಾರಸಿಯಲ್ಲಿ ‘ಲಷ್ಕರ್’ ಎಂದರೆ ಸೈನ್ಯ, ದಂಡು. ‘ಮೊಹಲ್ಲಾ’ ಎಂದರೆ ಕೇರಿ. ದಂಡಿನ ಹೆಸರನ್ನು ಹೊತ್ತ ಮೈಸೂರಿನ ಲಷ್ಕರ್ ಮೊಹಲ್ಲಾದಲ್ಲಿ, ಅಶೋಕ ರಸ್ತೆಯ ಬದಿಗೆ, ಸಂತ ಫಿಲೋಮಿನಾ ಚರ್ಚಿನ ಜೋಡಿ ಗೋಪುರಗಳು ಎದ್ದು ನಿಂತಿವೆ. ನಾಲ್ವಡಿ ಕೃಷ್ಣರಾಜ ಒಡೆಯರು 1933ರಲ್ಲಿ ಈ ಚರ್ಚಿಗೆ ಅಡಿಗಲ್ಲನ್ನಿಟ್ಟರು. ಕನ್ನಡ, ಉರ್ದು, ತಮಿಳು, ಕೊಂಕಣಿಗಳು ಒಟ್ಟಿಗೆ ಕಿವಿಗೆ ಬೀಳುವ ಇಂಥ ಕೇರಿಗಳ ಕ್ರೈಸ್ತ ಮನೆಗಳಲ್ಲಿ ಜೋಸೆಫ್, ಅಂತೋಣಿ, ಝೇವಿಯರ್ ಎಂಬ ಸಂತರ ಹೆಸರುಗಳ ಜೊತೆಯಲ್ಲೇ ಸ್ಟ್ಯಾನ್ಲಿ, ಕ್ಲಿಫರ್ಡ್, ಆ್ಯಶ್ಲಿ ಎಂಬ ಅಚ್ಚ ಇಂಗ್ಲಿಷ್ ಹೆಸರುಗಳೂ ಬಳಕೆಯಲ್ಲಿವೆ. ಸ್ಟ್ಯಾನ್ಲಿ ಎಂದರೆ ಕಲ್ಲುಬಯಲು. ಕ್ಲಿಫರ್ಡ್ ಎಂದರೆ ಕಡಿದಾದ ದಡದ ಬಳಿ ಹೊಳೆ ದಾಟುವ ಜಾಗ. ಕರೆಯುವವರಿಗೂ ಕರೆಸಿಕೊಳ್ಳುವವರಿಗೂ ಅರಿವಿಲ್ಲದೆ ಈ ಹೆಸರುಗಳು ಎಲ್ಲಿಯದೋ ಕಲ್ಲು, ಹೊಳೆ, ಮರಗಳನ್ನು ನಮ್ಮ ಬೀದಿಗಳಲ್ಲಿ ಕೂಗುತ್ತಿವೆ.

ಮರವೂ ಬಯಲೂ

ಆ್ಯಶ್ಲಿ ಎಂಬುದು ಹಳೆಯ ಇಂಗ್ಲಿಷಿನ ಎರಡು ಪದಗಳು ಕೂಡಿ ಆದ ಸಮಾಸ. ಮೊದಲನೆಯ ಪದ ‘ಆ್ಯಶ್’ ಎಂಬ ಮರವನ್ನು ಸೂಚಿಸುತ್ತದೆ. ಎರಡನೆಯದಕ್ಕೆ ಕಾಡು ಎಂಬ ಅರ್ಥವೂ, ಕಾಡಿನ ನಡುವೆ ಮರ ಕಡಿದು ಬಿಡಿಸಿಕೊಂಡ ಬಯಲು ಎಂಬ ಅರ್ಥವೂ ಇದೆ. ಹೀಗಾಗಿ ಆ್ಯಶ್ಲಿ ಎಂದರೆ ‘ಆ್ಯಶ್ ಮರಗಳ ತೋಪು’ ಅಥವಾ ‘ಆ್ಯಶ್ ಮರಗಳ ನಡುವಣ ಬಯಲು’. ಕೊನೆಯಲ್ಲಿ ‘ಲಿ’ ಎಂದು ಮುಗಿಯುವ ಅನೇಕ ಇಂಗ್ಲಿಷ್ ಹೆಸರುಗಳ ಒಳಗೆ ಇದೇ ಬಯಲು ಅಡಗಿದೆ. ಬ್ರ್ಯಾಡ್ಲಿ ಎಂದರೆ ಅಗಲವಾದ ಬಯಲು. ಕನ್ನಡ ಮುದ್ರಣದ ಚರಿತ್ರೆಯಲ್ಲಿ ಹೆಸರಾದ ಮೈಸೂರಿನ ವೆಸ್ಲಿ ಪ್ರೆಸ್ಸಿನ ‘ವೆಸ್ಲಿ’ ಎಂದರೆ ಪಡುವಣ ಬಯಲು.

ಮೊದಲಿಗೆ ಇದು ಮನುಷ್ಯರ ಹೆಸರಾಗಿರಲಿಲ್ಲ, ಊರಿನ ಹೆಸರಾಗಿತ್ತು. ಇಂಗ್ಲೆಂಡಿನ ಹಲವು ಪ್ರಾಂತಗಳಲ್ಲಿ ಇಂದಿಗೂ ಆ್ಯಶ್ಲಿ ಎಂಬ ಹಳ್ಳಿಗಳಿವೆ. ಆ ಊರಿನಿಂದ ಬಂದವರಿಗೆ ಅದೇ ಮನೆತನದ ಹೆಸರಾಯಿತು. ಮುಂದೆ ಮನೆತನದ ಹೆಸರನ್ನೇ ಗಂಡುಮಕ್ಕಳಿಗೆ ಇಡುವ ರೂಢಿ ಬೆಳೆದಾಗ ಅದು ಹುಡುಗರ ಹೆಸರಾಯಿತು.

ಕನ್ನಡಿಗರಿಗೆ ಈ ದಾರಿ ಅಪರಿಚಿತವಲ್ಲ. ಹುಣಸೆಯಿಂದ ಹುಣಸೂರು, ಬೇವಿನಿಂದ ಬೇವೂರು, ಅತ್ತಿಯಿಂದ ಅತ್ತಿಗುಪ್ಪೆ ಆದದ್ದನ್ನು ನಾವು ಬಲ್ಲೆವು. ಉತ್ತರ ಕರ್ನಾಟಕದಲ್ಲಿ ಬೇವಿನಮರದ, ಹುಣಸಿಮರದ ಎಂಬ ಮನೆತನಗಳೇ ಇವೆ. ಅಡವಿಯನ್ನು ಒಳಗಿಟ್ಟುಕೊಂಡ ಅಡಿವೆಪ್ಪನೂ ಬೆಟ್ಟವನ್ನು ಹೊತ್ತ ಬೆಟ್ಟೇಗೌಡನೂ ಇದೇ ಬಳಗದವರು. ಆ್ಯಶ್ಲಿ ಎಂಬುದು ದೂರದಿಂದ ಬಂದ ಹೆಸರಾದರೂ ಅದು ಹುಟ್ಟಿದ ಬಗೆ ನಮ್ಮದಕ್ಕಿಂತ ಭಿನ್ನವಲ್ಲ.

ಬೂದಿಗೂ ಇದಕ್ಕೂ ನಂಟಿಲ್ಲ

ಇಂಗ್ಲಿಷಿನಲ್ಲಿ ‘ಆ್ಯಶ್’ ಎಂದರೆ ಬೂದಿ ಎಂಬುದು ಎಲ್ಲರಿಗೂ ತಿಳಿದದ್ದು. ಆದ್ದರಿಂದ ಈ ಹೆಸರು ಅಶುಭವೇನೋ ಎಂಬ ಅಳುಕು ಕೆಲವರಲ್ಲಿ ಮೂಡಬಹುದು. ಆದರೆ ಮರವನ್ನು ಹೇಳುವ ‘ಆ್ಯಶ್’ ಮತ್ತು ಬೂದಿಯನ್ನು ಹೇಳುವ ‘ಆ್ಯಶ್’ ಹಳೆಯ ಇಂಗ್ಲಿಷಿನಲ್ಲಿ ಬೇರೆ ಬೇರೆ ಪದಗಳಾಗಿದ್ದವು. ಕಾಲಾಂತರದಲ್ಲಿ ಉಚ್ಚಾರಣೆ ಸವೆದು ಎರಡೂ ಒಂದೇ ರೂಪಕ್ಕೆ ಬಂದವು, ಅಷ್ಟೆ. ಇಂಗ್ಲೆಂಡ್–ಆಸ್ಟ್ರೇಲಿಯಾ ನಡುವಣ ‘ಆ್ಯಷಸ್’ ಕ್ರಿಕೆಟ್ ಸರಣಿಯ ಹೆಸರು ಬೂದಿಯಿಂದ ಬಂದದ್ದು. ಆ್ಯಶ್ಲಿಗೂ ಅದಕ್ಕೂ ಸಂಬಂಧವಿಲ್ಲ. ತಮಾಷೆಯೆಂದರೆ, ನಾವು ಪೂಜಿಸುವ ಬನ್ನಿ ಮರದ ಸಸ್ಯಶಾಸ್ತ್ರೀಯ ಹೆಸರಾದ ‘ಪ್ರೊಸೋಪಿಸ್ ಸಿನೆರೇರಿಯಾ’ದಲ್ಲಿ ನಿಜವಾಗಿಯೂ ಬೂದಿಯಿದೆ. ಲ್ಯಾಟಿನ್ನಿನ ಆ ಎರಡನೆಯ ಪದದ ಅರ್ಥ ಬೂದಿ ಬಣ್ಣದ್ದು ಎಂದು.

ಮಲ್ಲಿಗೆಯ ದಾಯಾದಿ

ಆ್ಯಶ್ ಮರ ಕರ್ನಾಟಕದ ಕಾಡುಗಳಲ್ಲಿ ಬೆಳೆಯುವುದಿಲ್ಲ. ಭಾರತದಲ್ಲಿ ಅದರ ಕೆಲವು ಪ್ರಭೇದಗಳು ಹಿಮಾಲಯದ ತಪ್ಪಲುಗಳಲ್ಲಿ ಕಾಣಸಿಗುತ್ತವೆ. ಆದರೂ ಮೈಸೂರಿಗೆ ಅದು ಪೂರ್ತಿ ಹೊರಗಿನದಲ್ಲ. ಸಸ್ಯಶಾಸ್ತ್ರಜ್ಞರು ಆ್ಯಶ್ ಮರವನ್ನು ಸೇರಿಸಿರುವುದು ಆಲಿವ್‌ನ ಕುಟುಂಬಕ್ಕೆ. ಮಲ್ಲಿಗೆಯೂ ಪಾರಿಜಾತವೂ ಅದೇ ಕುಟುಂಬದ ಸದಸ್ಯರು. ಭೌಗೋಳಿಕ ಗುರುತಿನ ಮಾನ್ಯತೆ ಪಡೆದಿರುವ ನಮ್ಮ ಮೈಸೂರು ಮಲ್ಲಿಗೆ, ಇಂಗ್ಲೆಂಡಿನ ಆ್ಯಶ್ ಮರಕ್ಕೆ ದೂರದ ದಾಯಾದಿ.

ಆ ಮರಕ್ಕೆ ಅದರದೇ ಆದ ಸ್ವಭಾವವಿದೆ. ವಸಂತದಲ್ಲಿ ಬಹುಪಾಲು ಮರಗಳು ಚಿಗುರಿದ ಮೇಲೆ ಅದು ಚಿಗುರುತ್ತದೆ. ಅದರ ಎಲೆಗಳ ನಡುವಿನಿಂದ ಬೆಳಕು ನೆಲಕ್ಕೆ ಇಳಿಯುವುದರಿಂದ ಬುಡದಲ್ಲಿ ಹುಲ್ಲು, ಹೂಗಿಡಗಳು ಬೆಳೆಯಬಲ್ಲವು. ಮರದ ದಿಮ್ಮಿ ಗಟ್ಟಿಯಾಗಿದ್ದೂ ಬಾಗಬಲ್ಲದು. ಪೆಟ್ಟನ್ನು ಮುರಿಯದೆ ತಾಳಿಕೊಳ್ಳಬಲ್ಲದು. ಈ ಗುಣದಿಂದಾಗಿಯೇ ಕೊಡಲಿ, ಸುತ್ತಿಗೆಗಳ ಹಿಡಿ, ದೋಣಿಯ ಹುಟ್ಟು, ಬೇಸ್‌ಬಾಲ್ ದಾಂಡುಗಳಿಗೆ ಅದನ್ನು ಆರಿಸಿಕೊಂಡರು. ಹಳೆಯ ಕಾಲದಲ್ಲಿ ಈಟಿಯ ಕಾವೂ ಅದರದ್ದೇ. ಹಾಗಾಗಿ ಹಳೆಯ ಇಂಗ್ಲಿಷಿನಲ್ಲಿ ಮರದ ಹೆಸರೇ ಈಟಿಗೂ ಹೆಸರಾಗಿತ್ತು. ಪಾಂಡವರು ಆಯುಧಗಳನ್ನು ಬಚ್ಚಿಟ್ಟ ಬನ್ನಿಯನ್ನು ವಿಜಯದಶಮಿಯಂದು ನೆನೆಯುವ ನಾಡಿಗೆ, ಅದೂ ದಂಡಿನ ಹೆಸರಿನ ಮೊಹಲ್ಲಾಕ್ಕೆ, ಆಯುಧದ ನಂಟಿರುವ ಮತ್ತೊಂದು ಮರದ ಹೆಸರು ಬಂದು ಸೇರಿದ್ದು ಆಕಸ್ಮಿಕವಾದರೂ ಸೊಗಸಾಗಿದೆ.

ಸ್ವಭಾವ ಯಾರದು?

ಹೆಸರಿನ ಪುಸ್ತಕಗಳು ಎಡವುವುದು ಇಲ್ಲಿಯೇ. ಮರ ಗಟ್ಟಿ, ಆದ್ದರಿಂದ ಮಗು ಗಟ್ಟಿಗ. ಬಯಲು ವಿಶಾಲ, ಆದ್ದರಿಂದ ಮಗು ಉದಾರಿ ಎಂದು ಅವು ಹೇಳಿಬಿಡುತ್ತವೆ. ಈ ಹೆಸರನ್ನು ಹೊತ್ತವರನ್ನು ಸಾಲಾಗಿ ನಿಲ್ಲಿಸಿ ನೋಡಿದರೆ ಆ ಲೆಕ್ಕ ನಿಲ್ಲುವುದಿಲ್ಲ.

ಹತ್ತೊಂಬತ್ತನೆಯ ಶತಮಾನದ ಬ್ರಿಟನ್ನಿನಲ್ಲಿ ಲಾರ್ಡ್ ಆ್ಯಶ್ಲಿ ಎಂದು ಪ್ರಸಿದ್ಧರಾಗಿ, ಆಮೇಲೆ ಶಾಫ್ಟ್ಸ್‌ಬರಿಯ ಏಳನೆಯ ಅರ್ಲ್ ಆದ ಆ್ಯಂಟನಿ ಆ್ಯಶ್ಲಿ ಕೂಪರ್ (1801–1885) ಹಿಡಿದ ಹಟ ಬಿಡದ ಸುಧಾರಕರು. ಗಣಿಗಳ ಒಳಗೆ ಹೆಂಗಸರನ್ನೂ ಹತ್ತು ವರ್ಷದೊಳಗಿನ ಹುಡುಗರನ್ನೂ ದುಡಿಸುವುದನ್ನು ನಿಷೇಧಿಸಿದ 1842ರ ಕಾನೂನಿನ ಹಿಂದೆ ಅವರ ಹೋರಾಟವಿತ್ತು. ಇದಕ್ಕೆ ತದ್ವಿರುದ್ಧವಾಗಿ, ಮಾರ್ಗರೆಟ್ ಮಿಚೆಲ್ ಅವರ ‘ಗಾನ್ ವಿತ್ ದ ವಿಂಡ್’ (1936) ಕಾದಂಬರಿಯ ಆ್ಯಶ್ಲಿ ವಿಲ್ಕ್ಸ್ ಸಜ್ಜನನಾದರೂ ಯಾವುದನ್ನೂ ನಿರ್ಧರಿಸಲಾಗದೆ ತೊಳಲಾಡುವವನು. ಇನ್ನು ಇಂಗ್ಲೆಂಡಿನ ಎಡಗೈ ಸ್ಪಿನ್ನರ್ ಆ್ಯಶ್ಲಿ ಜೈಲ್ಸ್ ಅವರನ್ನು ಬೆಂಗಳೂರಿನ ಕ್ರಿಕೆಟ್ ಪ್ರೇಮಿಗಳು ಮರೆಯಲಾರರು. 2001ರ ಡಿಸೆಂಬರಿನಲ್ಲಿ ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ಲೆಗ್ ಸ್ಟಂಪಿನ ಹೊರಗೆ ಬಿಡದೆ ಚೆಂಡೆಸೆದು, 90 ರನ್ ಗಳಿಸಿದ್ದ ಸಚಿನ್ ತೆಂಡೂಲ್ಕರ್ ಅವರ ತಾಳ್ಮೆಗೆಡಿಸಿ ಸ್ಟಂಪ್ ಔಟ್ ಮಾಡಿಸಿದವರು ಅವರು. ಟೆಸ್ಟ್ ಪಂದ್ಯಗಳಲ್ಲಿ ಸಚಿನ್ ಹಾಗೆ ಔಟಾದದ್ದು ಅದೊಂದೇ ಸಲ.

ಒಬ್ಬ ಹಟವಾದಿ, ಒಬ್ಬ ಡೋಲಾಯಮಾನ ಮನಸ್ಸಿನವ, ಒಬ್ಬ ತಾಳ್ಮೆಯ ಬೌಲರ್. ಹೆಸರು ಒಂದೇ, ಸ್ವಭಾವ ಮೂರು. ಹೆಸರಿಗೆ ಸ್ವಭಾವ ಬರುವುದು ಅದನ್ನು ಹೊತ್ತವರಿಂದಲೇ ಹೊರತು, ಹೊತ್ತವರಿಗೆ ಹೆಸರಿನಿಂದಲ್ಲ.

ಹುಡುಗನೋ ಹುಡುಗಿಯೋ

ಹೆಸರಿಗೆ ನಿಶ್ಚಿತ ಸ್ವಭಾವವಿಲ್ಲವೆಂಬುದಕ್ಕೆ ಇನ್ನೊಂದು ಸಾಕ್ಷಿಯೂ ಇದೆ. ಶತಮಾನಗಳ ಕಾಲ ಗಂಡಸರ ಹೆಸರಾಗಿದ್ದ ಆ್ಯಶ್ಲಿ, ಅಮೆರಿಕದಲ್ಲಿ ಹೆಣ್ಣುಮಕ್ಕಳ ಹೆಸರಾಗಿ ಬದಲಾಯಿತು. 1991 ಮತ್ತು 1992ರಲ್ಲಿ ಅಲ್ಲಿ ಹುಟ್ಟಿದ ಹೆಣ್ಣುಮಕ್ಕಳಿಗೆ ಅತಿ ಹೆಚ್ಚಾಗಿ ಇಟ್ಟ ಹೆಸರು ಇದೇ. ಬ್ರಿಟನ್, ಆಸ್ಟ್ರೇಲಿಯಾಗಳಲ್ಲಿ ಹುಡುಗರ ಹೆಸರಾಗಿಯೂ ಉಳಿದುಕೊಂಡಿತು. ಹುಡುಗಿಯರಿಗೆ ಹೆಚ್ಚಾಗಿ ಬೇರೊಂದು ಕಾಗುಣಿತವನ್ನು ಬಳಸುತ್ತಾರೆ. 2021ರಲ್ಲಿ ವಿಂಬಲ್ಡನ್ ಗೆದ್ದ ಆ್ಯಶ್ಲಿ ಬಾರ್ಟಿ ಹೆಸರಿನಲ್ಲಿ ಆ ಕಾಗುಣಿತವಿದೆ. ಆದರೆ ಕನ್ನಡದಲ್ಲಿ ಬರೆದಾಗ ಈ ಭೇದ ಅಳಿಸಿಹೋಗುತ್ತದೆ. ಕಿರಣ್, ಶಶಿ, ಸುಮನ್ ಎಂಬ ಹೆಸರುಗಳೊಂದಿಗೆ ಬದುಕಿರುವ ನಮಗೆ ಇದು ದೊಡ್ಡ ತೊಡಕೇನಲ್ಲ.

ದಾಖಲೆಯಲ್ಲಿ ಹೆಸರು

ಕೆಥೋಲಿಕ್ ಕುಟುಂಬಗಳಲ್ಲಿ ಹಿಂದೆ ಇಂಥ ಹೆಸರಿಗೆ ಒಂದು ತಡೆಯಿತ್ತು. ದೀಕ್ಷಾಸ್ನಾನದ ವೇಳೆ ಮಗುವಿಗೆ ಕ್ರೈಸ್ತ ಹೆಸರನ್ನೇ ಇಡುವಂತೆ ನೋಡಿಕೊಳ್ಳಬೇಕು, ಹೆತ್ತವರು ಒಪ್ಪದಿದ್ದರೆ ಸಂತರೊಬ್ಬರ ಹೆಸರನ್ನು ಜೊತೆಗೆ ಸೇರಿಸಿ ಎರಡನ್ನೂ ದಾಖಲಿಸಬೇಕು ಎಂದು 1917ರ ಧರ್ಮಸಭೆಯ ಸಂಹಿತೆ ಗುರುಗಳಿಗೆ ಸೂಚಿಸಿತ್ತು. 1983ರ ಸಂಹಿತೆಯ 855ನೆಯ ನಿಯಮ ಇದನ್ನು ಸಡಿಲಿಸಿತು. ಹೆಸರು ಕ್ರೈಸ್ತ ಭಾವನೆಗೆ ಹೊರತಾಗಿರಬಾರದು ಎಂಬುದಷ್ಟೇ ಈಗಿನ ನಿಬಂಧನೆ. ಮರದ ಹೆಸರಿಗೆ ಇದರಲ್ಲಿ ಅಡ್ಡಿಯಿಲ್ಲ.

ಸರ್ಕಾರಿ ದಾಖಲೆಯ ಮಾತು ಬೇರೆ. ಹೆಸರಿಲ್ಲದೆ ಜನನ ನೋಂದಣಿಯಾಗಿದ್ದರೆ 12 ತಿಂಗಳೊಳಗೆ ಶುಲ್ಕವಿಲ್ಲದೆ, ಅನಂತರ 15 ವರ್ಷಗಳವರೆಗೆ ತಡ ಶುಲ್ಕ ಕಟ್ಟಿ ಹೆಸರನ್ನು ಸೇರಿಸಲು ಅವಕಾಶವಿದೆ. ಜನನ–ಮರಣ ನೋಂದಣಿ ಕಾಯ್ದೆಗೆ ತಂದ ತಿದ್ದುಪಡಿ 2023ರ ಅಕ್ಟೋಬರ್ 1ರಿಂದ ಜಾರಿಗೆ ಬಂದಿದೆ. ಆ ದಿನ ಮತ್ತು ಅನಂತರ ಹುಟ್ಟಿದವರಿಗೆ ಶಾಲಾ ಪ್ರವೇಶ, ಚಾಲನಾ ಪರವಾನಗಿ, ಪಾಸ್‌ಪೋರ್ಟ್ ಮೊದಲಾದವುಗಳಿಗೆ ಜನ್ಮ ದಿನಾಂಕ ಮತ್ತು ಸ್ಥಳದ ಪುರಾವೆಯಾಗಿ ಜನನ ಪ್ರಮಾಣಪತ್ರವೇ ಬೇಕು. ಆದ್ದರಿಂದ ಮೊದಲ ಸಲ ಬರೆಸುವ ಕಾಗುಣಿತಕ್ಕೆ ಹಿಂದೆಂದಿಗಿಂತ ಹೆಚ್ಚು ಬೆಲೆ. ಈ ಒಂದು ಹೆಸರನ್ನೇ ಆಶ್ಲಿ, ಆಷ್ಲಿ, ಆಶ್ಲೆ, ಆ್ಯಶ್ಲೀ ಎಂದು ನಾಲ್ಕು ಬಗೆಯಲ್ಲಿ ಬರೆಯಬಹುದು. ಇಂಗ್ಲಿಷಿನಲ್ಲೂ ಕಾಗುಣಿತ ಒಂದೇ ಅಲ್ಲ. ಹೆಸರಿನಿಂದ ಅದೃಷ್ಟ ಬದಲಾಗುತ್ತದೋ ಇಲ್ಲವೋ, ಅಕ್ಷರವೊಂದು ಬದಲಾದರೆ ಕಚೇರಿಗಳಿಗೆ ಅಲೆಯುವುದು ತಪ್ಪುವುದಿಲ್ಲ. ಎರಡೂ ಭಾಷೆಗಳ ರೂಪವನ್ನು ಮನೆಯಲ್ಲೇ ಬರೆದು ನಿಶ್ಚಯಿಸಿಕೊಂಡು ಹೋಗುವುದು ಸಂಖ್ಯಾಶಾಸ್ತ್ರಕ್ಕಿಂತ ಉಪಯುಕ್ತವಾದ ಮುನ್ನೆಚ್ಚರಿಕೆ.

ಮರ ಹೋದ ಮೇಲೂ

ಆ್ಯಶ್ ಮರಕ್ಕೆ ಈಗ ಕೇಡುಗಾಲ. 1990ರ ದಶಕದ ಆರಂಭದಲ್ಲಿ ಪೋಲೆಂಡಿನಲ್ಲಿ ಗುರುತಿಸಲಾದ ಶಿಲೀಂಧ್ರ ರೋಗವೊಂದು ಯುರೋಪನ್ನೆಲ್ಲ ವ್ಯಾಪಿಸಿ, 2012ರಲ್ಲಿ ಬ್ರಿಟನ್ನಿನಲ್ಲೂ ಪತ್ತೆಯಾಯಿತು. ಅಲ್ಲಿನ ಆ್ಯಶ್ ಮರಗಳಲ್ಲಿ ಶೇ 80ರಷ್ಟು ನಾಶವಾಗಬಹುದೆಂಬುದು ತಜ್ಞರ ಅಂದಾಜು. ಅಮೆರಿಕದಲ್ಲಿ 2002ರಲ್ಲಿ ಕಾಣಿಸಿಕೊಂಡ ಹಸಿರು ಬಣ್ಣದ ಕೊರಕ ದುಂಬಿಯೊಂದು ಕೋಟಿಗಟ್ಟಲೆ ಆ್ಯಶ್ ಮರಗಳನ್ನು ಒಣಗಿಸಿದೆ. ಆ್ಯಶ್ಲಿ ಎಂಬ ಹಳ್ಳಿಗಳು ಉಳಿದು, ಅವುಗಳಿಗೆ ಹೆಸರು ಕೊಟ್ಟ ತೋಪುಗಳು ಇಲ್ಲವಾಗುವ ದಿನ ದೂರವಿಲ್ಲದಿರಬಹುದು.

ಮೈಸೂರಿಗೆ ಇದು ಹೊಸ ಸಂಗತಿಯಲ್ಲ. ಲಷ್ಕರ್ ಮೊಹಲ್ಲಾದ ಅಶೋಕ ರಸ್ತೆಯ ‘ಅಶೋಕ’ ಚಕ್ರವರ್ತಿಯ ಹೆಸರಷ್ಟೇ ಅಲ್ಲ, ಮರವೊಂದರ ಹೆಸರೂ ಹೌದು. ಜಂಬೂಸವಾರಿ ಬಂಬೂ ಬಜಾರನ್ನು ದಾಟಿ ಬನ್ನಿಮಂಟಪವನ್ನು ತಲಪುತ್ತದೆ. ಒಂದರಲ್ಲಿ ಬಿದಿರು, ಇನ್ನೊಂದರಲ್ಲಿ ಬನ್ನಿ. ಅರಸರು ಬನ್ನಿ ಪೂಜೆಗೆ ಬರುತ್ತಿದ್ದ ತಾಣ ಇಂದು ಹೆಚ್ಚಿನವರಿಗೆ ಪಂಜಿನ ಕವಾಯತು ನಡೆಯುವ ಮೈದಾನ, ಅದರ ಸುತ್ತಣ ಬಡಾವಣೆ. ಹೆಸರನ್ನು ದಿನಕ್ಕೆ ಹತ್ತು ಸಲ ಹೇಳುವವರಲ್ಲಿ ಬನ್ನಿಯ ಎಲೆಯನ್ನು ಗುರುತಿಸಬಲ್ಲವರು ಎಷ್ಟು ಮಂದಿ?

ಹೀಗಾಗಿ ಆ್ಯಶ್ಲಿ ಎಂಬ ಹೆಸರಿನ ಅರ್ಥವೇನೆಂದು ಕೇಳುವ ತಂದೆತಾಯಿಗಳಿಗೆ ಹೇಳಬಹುದಾದದ್ದು ಇಷ್ಟು. ಅದು ಭವಿಷ್ಯವಾಣಿಯಲ್ಲ, ಒಂದು ವಿಳಾಸ. ಒಂದು ಕಾಲದಲ್ಲಿ ಯಾರೋ ಕೆಲವರು ಇಂಥ ಮರಗಳ ನಡುವೆ ಮನೆ ಕಟ್ಟಿಕೊಂಡಿದ್ದರು ಎಂಬುದರ ನೆನಪು. ಮಗನಿಗೆ ಆ ಹೆಸರಿಟ್ಟವರು ಅವನು ಓದು ಕಲಿತ ಮೇಲೆ ಆ ಮರದ ಚಿತ್ರವನ್ನು ತೋರಿಸಲಿ. ಅದರ ದಾಯಾದಿಯಾದ ಮಲ್ಲಿಗೆಯನ್ನು ಮಾರುಕಟ್ಟೆಯಲ್ಲಿ, ಬನ್ನಿಯನ್ನು ಅದು ಇನ್ನೂ ನಿಂತಿರುವಲ್ಲಿಗೆ ಕರೆದೊಯ್ದು ತೋರಿಸಲಿ. ಸ್ವಭಾವವನ್ನು ಅವನೇ ರೂಪಿಸಿಕೊಳ್ಳುತ್ತಾನೆ.