ಕೋಣೆಯ ಬಳ್ಳಿಗೆ ಎಷ್ಟು ಬೆಳಕು, ಎಷ್ಟು ನೀರು?

ಮನಿ ಪ್ಲಾಂಟ್ ಎಂಬ ಬಳ್ಳಿಯನ್ನು ಕಾಣದವರು ವಿರಳ. ಹೃದಯದಾಕಾರದ ಹಸುರೆಲೆ, ಅದರ ಮೇಲೆ ಹಳದಿ ಬಣ್ಣದ ಚುಕ್ಕೆ, ಪಟ್ಟೆ. ಇಷ್ಟರಿಂದಲೇ ಅದನ್ನು ಗುರುತಿಸಬಹುದು. ಸಸ್ಯಶಾಸ್ತ್ರಜ್ಞರು ಇದನ್ನು ಎಪಿಪ್ರೆಮ್ನಮ್ ಆರಿಯಮ್ ಎಂದು ಕರೆಯುತ್ತಾರೆ. ಇದರ ತವರು ಶಾಂತಸಾಗರದ ನಡುವೆ, ತಹೀತಿಯ ನೆರೆಯಲ್ಲಿರುವ ಮೊರೆಯಾ ಎಂಬ ಪುಟ್ಟ ದ್ವೀಪ. ಬೆಚ್ಚನೆಯ ನಾಡುಗಳಲ್ಲಿ ಹೆಮ್ಮರವನ್ನು ತಬ್ಬಿ ಮೇಲೇರಿದಾಗ ಇದರ ಎಲೆಗಳು ಮೊರದಗಲವಾಗುತ್ತವೆ. ಕುಂಡದಲ್ಲಿ ಅವು ಅಂಗೈಯನ್ನು ಮೀರುವುದು ಅಪರೂಪ.

ಎಲ್ಲಿಟ್ಟರೂ ಬದುಕುವ ಬಳ್ಳಿಯೆಂದು ಇದಕ್ಕೆ ಖ್ಯಾತಿಯುಂಟು. ಆದರೂ ಅನೇಕ ಮನೆಗಳಲ್ಲಿ ಇದು ಹಳದಿಗೂಡಿ, ಬುಡ ಕೊಳೆತು ಸಾಯುತ್ತದೆ. ಇದಕ್ಕೆ ಸಾಮಾನ್ಯ ಕಾರಣ ನೀರಿನ ಕೊರತೆಯಲ್ಲ, ನೀರಿನ ಅತಿರೇಕ. ಆ ಅತಿರೇಕಕ್ಕೆ ದಾರಿ ಮಾಡಿಕೊಡುವುದು ನಮ್ಮ ಕಣ್ಣಿನ ಒಂದು ಭ್ರಮೆ.

ನಡುಹಗಲಿನ ನೇರ ಬಿಸಿಲಿನ ಪ್ರಕಾಶ ಸುಮಾರು 1,00,000 ಲಕ್ಸ್. ಬಿಸಿಲು ಬೀಳದ ಕಿಟಕಿಯ ಪಕ್ಕದಲ್ಲಿ ಅದು ಒಂದೆರಡು ಸಾವಿರಕ್ಕೆ ಇಳಿಯಬಹುದು. ಕೋಣೆಯ ಒಳಮೂಲೆಯಲ್ಲಿ 100 ಲಕ್ಸ್ ಉಳಿದರೆ ಹೆಚ್ಚು. ಅಂದರೆ ಮೂಲೆಯ ಬೆಳಕು ಬಯಲಿನ ಬೆಳಕಿನ ಸಾವಿರದಲ್ಲೊಂದು ಪಾಲು! ಆದರೂ ಆ ಮೂಲೆಯಲ್ಲಿ ನಾವು ಪುಸ್ತಕವನ್ನು ಓದಬಲ್ಲೆವು. ಕಣ್ಣು ತನ್ನನ್ನು ಬೆಳಕಿಗೆ ಹೊಂದಿಸಿಕೊಳ್ಳುತ್ತದೆ. ಆದುದರಿಂದ ಸಾವಿರ ಪಟ್ಟಿನ ವ್ಯತ್ಯಾಸವೂ ನಮಗೆ ಅಲ್ಪವಾಗಿ ತೋರುತ್ತದೆ.

ಎಲೆಗೆ ಇಂತಹ ಭ್ರಮೆಯಿಲ್ಲ. ಮಂದ ಬೆಳಕಿನಲ್ಲಿ ಅದು ತಯಾರಿಸುವ ಆಹಾರ ಹೆಚ್ಚುಕಡಿಮೆ ಬಿದ್ದ ಬೆಳಕಿನ ಪ್ರಮಾಣದಲ್ಲಿಯೇ ಇರುತ್ತದೆ. ಉಸಿರಾಟಕ್ಕಾಗಿ ವೆಚ್ಚವಾಗುವಷ್ಟೇ ಆಹಾರ ತಯಾರಾದರೆ ಬಳ್ಳಿ ಬೆಳೆಯಲಾರದು. ಅದಕ್ಕೂ ಕಡಿಮೆಯಾದರೆ ಕೂಡಿಟ್ಟುದನ್ನು ಕರಗಿಸುತ್ತ ಕ್ಷೀಣಿಸುತ್ತದೆ. ಹಳದಿಯ ಭಾಗಗಳಲ್ಲಿ ಪತ್ರಹರಿತ್ತು ಕಡಿಮೆ. ಕತ್ತಲ ಮೂಲೆಯಲ್ಲಿ ಹೊಸ ಎಲೆಗಳು ಬರಿ ಹಸುರಾಗಿ ಮೂಡುವುದು ಬೆಳಕು ಸಾಲದೆಂಬುದರ ಸೂಚನೆ.

ಬೆಳಕನ್ನು ಪರೀಕ್ಷಿಸಲು ಉಪಕರಣವೇ ಬೇಕೆಂದಿಲ್ಲ. ಹಗಲಿನಲ್ಲಿ ಕುಂಡವಿಡುವ ಜಾಗದಲ್ಲಿ ಒಂದು ಬಿಳಿಯ ಹಾಳೆಯನ್ನಿರಿಸಿ, ಅದರ ಮೇಲೆ ಒಂದಡಿ ಎತ್ತರದಲ್ಲಿ ಅಂಗೈಯನ್ನು ಹಿಡಿಯಿರಿ. ಅಂಚು ಸ್ಪಷ್ಟವಾದ ಕಪ್ಪು ನೆರಳು ಬಿದ್ದರೆ ಅಲ್ಲಿ ನೇರ ಬಿಸಿಲಿದೆ, ಎಲೆ ಸುಡಬಹುದು. ಮಸುಕಾದ ನೆರಳು ಈ ಬಳ್ಳಿಗೆ ಹಿತ. ನೆರಳೇ ಕಾಣದಿದ್ದರೆ ಕುಂಡವನ್ನು ಕಿಟಕಿಯತ್ತ ಸರಿಸಬೇಕು.

ಇನ್ನು ನೀರಿನ ವಿಚಾರ. ಬೇರು ಹೀರಿದ ನೀರಿನ ಬಹುಭಾಗ ಎಲೆಯ ಸೂಕ್ಷ್ಮ ರಂಧ್ರಗಳ ಮೂಲಕ ಆವಿಯಾಗಿ ಹೋಗುತ್ತದೆ. ಬೆಳಕು ಕಡಿಮೆಯಾದಂತೆ ಆ ರಂಧ್ರಗಳು ಕಿರಿದಾಗುತ್ತವೆ. ಮೂಲೆಯ ಬಳ್ಳಿಗೂ ಕಿಟಕಿಯ ಬಳ್ಳಿಯಷ್ಟೇ ನೀರೆರೆದರೆ ಮಣ್ಣಿನ ಕಣಗಳ ನಡುವಣ ಗಾಳಿಯ ಜಾಗವನ್ನೆಲ್ಲ ನೀರು ತುಂಬಿಕೊಳ್ಳುತ್ತದೆ. ಆಮ್ಲಜನಕವು ಗಾಳಿಗಿಂತ ನೀರಿನಲ್ಲಿ ಸುಮಾರು 10,000 ಪಟ್ಟು ನಿಧಾನವಾಗಿ ಪಸರಿಸುತ್ತದೆ. ಉಸಿರು ಕಟ್ಟಿದ ಬೇರು ಕೊಳೆಯುತ್ತದೆ; ಕೊಳೆತ ಬೇರು ನೀರನ್ನು ಹೀರದು; ಎಲೆ ಬಾಡುತ್ತದೆ. ಬಾಡಿದ ಎಲೆಯನ್ನು ಕಂಡ ಮನೆಯವರು ಮತ್ತಷ್ಟು ನೀರೆರೆಯುತ್ತಾರೆ!

ಹಾಗಾದರೆ ಸೀಸೆಯ ನೀರಿನಲ್ಲಿ ಇದೇ ಬಳ್ಳಿ ಬದುಕುವುದು ಹೇಗೆ? ನೀರಿನಲ್ಲಿಯೇ ಹುಟ್ಟಿದ ಬೇರುಗಳು ಅಲ್ಲಿಯ ಸ್ಥಿತಿಗೆ ಹೊಂದಿಕೊಂಡು ಬೆಳೆದವು. ಅವುಗಳಿಗೂ ಕರಗಿದ ಆಮ್ಲಜನಕ ಬೇಕು. ಆದುದರಿಂದ ವಾರಕ್ಕೊಮ್ಮೆ ನೀರನ್ನು ಬದಲಿಸುವುದು ಒಳ್ಳೆಯದು. ಹೊಸ ಬಳ್ಳಿಗಾಗಿ ತುಂಡು ಕತ್ತರಿಸುವಾಗ ಒಂದು ಗೆಣ್ಣಾದರೂ ಅದರಲ್ಲಿರಬೇಕು. ಬೇರೂ ಚಿಗುರೂ ಹೊರಡುವುದು ಅಲ್ಲಿಂದಲೇ.

ಮಣ್ಣಿನ ಕುಂಡದ ತಳದಲ್ಲಿ ರಂಧ್ರವಿರಬೇಕು. ಮೇಲಿನ ಒಂದಂಗುಲ ಮಣ್ಣು ಒಣಗಿದ ತರುವಾಯವೇ ನೀರೆರೆಯಬೇಕು. ಮಳೆಗಾಲದ ತೇವದ ಗಾಳಿಯಲ್ಲಿ ಇದಕ್ಕೆ ಹೆಚ್ಚು ದಿನ ಹಿಡಿಯುತ್ತದೆ. ಈ ಬಳ್ಳಿಯಲ್ಲಿ ಕ್ಯಾಲ್ಸಿಯಂ ಆಕ್ಸಲೇಟಿನ ಸೂಜಿಯಂತಹ ಹರಳುಗಳಿದ್ದು, ಕಡಿದರೆ ಬಾಯಿ, ಗಂಟಲು ಉರಿಯುತ್ತವೆ. ಹಸುಗೂಸುಗಳಿಗೂ ಸಾಕುಪ್ರಾಣಿಗಳಿಗೂ ಎಟುಕದಂತೆ ಇಡುವುದು ಕ್ಷೇಮ.

ವಿದ್ಯಾರ್ಥಿಗಳು ಒಂದು ಪ್ರಯೋಗವನ್ನು ಮಾಡಬಹುದು. ಒಂದೇ ಅಳತೆಯ ಎರಡು ಕುಂಡಗಳಲ್ಲಿ ಒಂದೇ ಗಾತ್ರದ ಬಳ್ಳಿಗಳನ್ನು ನೆಟ್ಟು, ಸಮನಾಗಿ ನೀರೆರೆದು, ಒಂದನ್ನು ಕಿಟಕಿಯ ಬಳಿಯಲ್ಲಿಯೂ ಇನ್ನೊಂದನ್ನು ಮೂಲೆಯಲ್ಲಿಯೂ ಇಡಿ. ಪ್ರತಿದಿನ ಅಡುಗೆಮನೆಯ ತಕ್ಕಡಿಯಲ್ಲಿ ಎರಡನ್ನೂ ತೂಗಿ, ತೂಕವನ್ನು ನಕ್ಷೆಯಲ್ಲಿ ಗುರುತಿಸಿ. ಎರಡು ಗೆರೆಗಳ ಇಳಿಜಾರು ಬೇರೆಬೇರೆಯಾಗಿರುವುದು ಕೆಲವೇ ದಿನಗಳಲ್ಲಿ ಕಾಣುತ್ತದೆ. ಯಾವ ಕುಂಡಕ್ಕೆ ಎಂದು ನೀರೆರೆಯಬೇಕೆಂಬುದನ್ನು ಆ ಗೆರೆಗಳೇ ತಿಳಿಸುತ್ತವೆ.