ಮಂಥರೆಯ ಎಡಗಣ್ಣು

2020ರ ಲಾಕ್‌ಡೌನ್ ದಿನಗಳಲ್ಲಿ ದೂರದರ್ಶನವು ರಮಾನಂದ ಸಾಗರರ 'ರಾಮಾಯಣ'ವನ್ನು ಮತ್ತೆ ತೋರಿಸಿತು. 1987ರಲ್ಲಿ ಪಕ್ಕದ ಮನೆಯ ಜಗಲಿಯಲ್ಲಿ ಕುಳಿತು ನೋಡಿದ್ದ ಪಾಲಕರು ಈ ಬಾರಿ ತಮ್ಮ ಮಕ್ಕಳ ಜೊತೆ ನೋಡಿದರು. ಅದರ ಫಲವೊಂದು ಶಾಲೆ ತೆರೆದ ಮೇಲೆ ನನ್ನ ತರಗತಿಯಲ್ಲೇ ಕಾಣಿಸಿಕೊಂಡಿತು. ಒಂದು ಕಣ್ಣು ತುಸು ಕಿರಿದಾಗಿದ್ದ ಹುಡುಗಿಗೆ ಹಿಂದಿನ ಬೆಂಚಿನವರು 'ಮಂಥರೆ' ಎಂದು ಅಡ್ಡಹೆಸರಿಟ್ಟಿದ್ದರು. ಬೈದು ಸುಮ್ಮನಾಗಿಸಬಹುದಿತ್ತು. ಅಂದು ಬೆಳಕಿನ ವಕ್ರೀಭವನದ ಪಾಠವನ್ನು ಬದಿಗಿಟ್ಟು, ಆ ಮಂಥರೆಯ ಕಥೆಯನ್ನೇ ಹೇಳಿದೆ.

ಆ ಪಾತ್ರ ಮಾಡಿದವರು ಲಲಿತಾ ಪವಾರ್. ಹುಟ್ಟಿದ್ದು 1916ರಲ್ಲಿ, ನಾಸಿಕ್ ಜಿಲ್ಲೆಯ ಯೇವಲಾದಲ್ಲಿ. ಮೊದಲ ಹೆಸರು ಅಂಬಾ. ಮೂಕಿಚಿತ್ರಗಳ ಕಾಲದಲ್ಲಿ, ಹನ್ನೆರಡರ ಆಸುಪಾಸಿನ ವಯಸ್ಸಿನಲ್ಲೇ ಬಣ್ಣ ಹಚ್ಚಿದರು. ಮಾತಿನ ಚಿತ್ರ ಬಂದಾಗ ಹಾಡಲೂ ಬಲ್ಲ ನಾಯಕಿಯಾದರು. 1938ರಲ್ಲಿ ಟಾಲ್‌ಸ್ಟಾಯ್ ಕಾದಂಬರಿಯೊಂದನ್ನು ಆಧರಿಸಿದ 'ದುನಿಯಾ ಕ್ಯಾ ಹೈ' ಚಿತ್ರವನ್ನು ತಾವೇ ನಿರ್ಮಿಸಿದರು. ಮುಂದೆ ಕೇಡಿಗ ಅತ್ತೆಯಾಗಿ ಹೆಸರಾದ ಈಕೆ ಒಂದು ಕಾಲಕ್ಕೆ ಚೆಲುವೆ ನಾಯಕಿ ಎಂದರೆ ನನ್ನ ವಿದ್ಯಾರ್ಥಿಗಳು ನಂಬಲಿಲ್ಲ.

1942ರಲ್ಲಿ 'ಜಂಗ್-ಎ-ಆಜಾದಿ' ಚಿತ್ರೀಕರಣದಲ್ಲಿ ಸಹನಟ ಭಗವಾನ್ ಆಕೆಯ ಕೆನ್ನೆಗೆ ಹೊಡೆಯುವ ದೃಶ್ಯವಿತ್ತು. ಏಟು ನಿಜವಾಗಿಯೇ ಜೋರಾಗಿ ಬಿತ್ತು. ಮುಖಕ್ಕೆ ಪಾರ್ಶ್ವವಾಯು ತಗಲಿತು, ಎಡಗಣ್ಣಿಗೆ ಪೆಟ್ಟಾಯಿತು. ನಗು, ಮುನಿಸು, ಕಣ್ಣುಮಿಟುಕು ಎಲ್ಲಕ್ಕೂ ಮುಖದ ಸಣ್ಣ ಸಣ್ಣ ಸ್ನಾಯುಗಳು ಬೇಕು. ಅವುಗಳಿಗೆ ಆಜ್ಞೆ ಒಯ್ಯುವುದು ಮೆದುಳಿನಿಂದ ಹೊರಡುವ ಏಳನೆಯ ನರ, ಎಡಕ್ಕೊಂದು ಬಲಕ್ಕೊಂದು. ನಮಗೆ ಅದರ ಇರವೇ ತಿಳಿಯುವುದಿಲ್ಲ; ನಟಿಗಾದರೋ ಅದೇ ಬಂಡವಾಳ. ಸುಮಾರು ಮೂರು ವರ್ಷ ಚಿಕಿತ್ಸೆ ನಡೆಯಿತು. ಎಡಗಣ್ಣು ಮೊದಲಿನಂತಾಗಲಿಲ್ಲ.

ನಾಯಕಿಯ ಪಾತ್ರಗಳು ಅಲ್ಲಿಗೆ ಮುಗಿದವು. ಮೂವತ್ತರ ಹೊತ್ತಿಗೇ ತಾಯಿ, ಅತ್ತೆ, ಚಾಡಿ ಹೇಳುವ ಹೆಂಗಸು. ಪೆಟ್ಟು ತಿಂದ ಕಣ್ಣನ್ನು ಕೆಟ್ಟತನದ ಗುರುತಾಗಿ ತೋರಿಸಿದ್ದು ನಮ್ಮ ಸಿನಿಮಾದವರ ಸೋಮಾರಿತನ ಎಂದೇ ನನ್ನ ಅಭಿಪ್ರಾಯ. ಹಾಗೆ ನೋಡಿ ನಂಬಿದ ನಾವೂ ಕಡಿಮೆಯವರಲ್ಲ ಬಿಡಿ. ಆಕೆ ಮಾತ್ರ ಆ ಕಣ್ಣನ್ನು ಮರೆಮಾಚಲಿಲ್ಲ, ಅದರಿಂದಲೇ ಕೆಲಸ ತೆಗೆದರು. 'ಜಂಗ್ಲಿ'ಯಲ್ಲಿ (1961) ಮನೆಯಲ್ಲಿ ಯಾರೂ ನಗಕೂಡದೆನ್ನುವ ತಾಯಿಯಾಗಿ ಅದೇ ಕಣ್ಣಿನಿಂದ ಹೆದರಿಸಿ, ನಮ್ಮನ್ನು ನಗಿಸಿದರು. 'ಶ್ರೀ 420'ರಲ್ಲಿ (1955) ಬಾಳೆಹಣ್ಣು ಮಾರುವ ಬಡ ಹೆಂಗಸಾದಾಗ ಆ ನೋಟದಲ್ಲಿ ಕೇಡಿನ ಸುಳಿವೂ ಇರಲಿಲ್ಲ.

ನನಗೆ ಅತಿ ಮೆಚ್ಚಿಗೆಯಾದದ್ದು ಹೃಷಿಕೇಶ್ ಮುಖರ್ಜಿಯವರ 'ಅನಾಡಿ' (1959). ಮಿಸೆಸ್ ಡಿಸಾ ಎಂಬ ಮನೆಯೊಡತಿ ಬಾಡಿಗೆದಾರ ರಾಜ್ ಕಪೂರನನ್ನು ಬಾಯ್ತುಂಬ ಗದರುತ್ತಾಳೆ, ಹೊಟ್ಟೆಗೂ ಹಾಕುತ್ತಾಳೆ. ಕೊನೆಗೆ, ಲಾಭಕೋರರು ತಯಾರಿಸಿದ ಕೆಟ್ಟ ಔಷಧ ಕುಡಿದು ಸಾಯುತ್ತಾಳೆ. ಈ ಪಾತ್ರಕ್ಕೆ ಫಿಲ್ಮ್‌ಫೇರ್ ಪೋಷಕ ನಟಿ ಪ್ರಶಸ್ತಿ ಬಂತು. 1961ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಗೌರವವೂ ಸಂದಿತು. ಅದೇ ವರ್ಷ 'ಸಂಪೂರ್ಣ ರಾಮಾಯಣ' ಚಿತ್ರದಲ್ಲಿ ಮಂಥರೆಯಾಗಿದ್ದವರು, ಎಪ್ಪತ್ತು ದಾಟಿದ ಮೇಲೆ ಟಿ.ವಿ.ಯಲ್ಲೂ ಮಂಥರೆಯೇ ಆದರು. 1998ರ ಫೆಬ್ರುವರಿಯಲ್ಲಿ ಪುಣೆಯಲ್ಲಿ ತೀರಿಕೊಂಡಾಗ ಅವರ ವೃತ್ತಿಗೆ ಹತ್ತಿರ ಹತ್ತಿರ ಎಪ್ಪತ್ತು ವರ್ಷ.

ಮುಂದಿನ ಶನಿವಾರ ಮಧ್ಯಾಹ್ನ ಮಕ್ಕಳಿಗೆ 'ಅನಾಡಿ' ತೋರಿಸಿದೆ. ಕಪ್ಪು-ಬಿಳುಪು ಚಿತ್ರ, ಹಿಂದಿ ಮಾತು. ಅರ್ಧದಲ್ಲಿ ಎದ್ದುಹೋಗುತ್ತಾರೆಂದುಕೊಂಡಿದ್ದೆ, ಹೋಗಲಿಲ್ಲ. ಮುಗಿದ ಮೇಲೆ ಹಿಂದಿನ ಬೆಂಚಿನವರಲ್ಲೊಬ್ಬ ನನ್ನ ಬಳಿ ಬಂದ. "ಸರ್, ಆ ಡಿಸಾ ಅಮ್ಮ ಸಾಯಬಾರದಿತ್ತು" ಎಂದ. ಕಣ್ಣಿನ ಮಾತೇ ಎತ್ತಲಿಲ್ಲ.