ಅಡ್ಡಹೆಸರೇ ಮಗುವಿನ ಹೆಸರಾಗಬಹುದೇ?

ಪ್ರಶ್ನೆ: ಮೊಮ್ಮಗನಿಗೆ ‘ಮೇಸನ್’ ಎಂದು ಹೆಸರಿಡಬೇಕೆಂದು ಮಗ-ಸೊಸೆಯ ಹಟ. ಅದು ಇಂಗ್ಲಿಷರ ಅಡ್ಡಹೆಸರಂತೆ. ಹಾಗೆ ಇಡುವುದುಂಟೇ?
– ಓದುಗರೊಬ್ಬರು, ರಾಣೆಬೆನ್ನೂರು

ಉತ್ತರ: ಉಂಟು. ಮೇಸನ್, ಕೂಪರ್, ಕಾರ್ಟರ್ ಎಲ್ಲವೂ ಕಸುಬಿನಿಂದ ಬಂದ ಅಡ್ಡಹೆಸರುಗಳು. ನಿಮ್ಮ ಹಾವೇರಿ, ಬ್ಯಾಡಗಿ ಕಡೆಯ ಬಡಿಗೇರ, ಕಮ್ಮಾರ, ಅಂಗಡಿ, ಮೆಣಸಿನಕಾಯಿ ಇದ್ದ ಹಾಗೆ. ತಾಯಿಯ ತವರಿನ ಹೆಸರು ಅಳಿಯಬಾರದೆಂದು ಇಂಗ್ಲೆಂಡಿನ ಜಮೀನ್ದಾರಿ ಮನೆತನಗಳು ಅದನ್ನು ಗಂಡುಮಗುವಿಗೆ ಇಡುತ್ತಿದ್ದವು. ಅಮೆರಿಕದಲ್ಲಿ ಆ ರೂಢಿ ಎಲ್ಲ ಮನೆಗಳಿಗೂ ಹಬ್ಬಿತು.

ನಮ್ಮಲ್ಲಿ ಅಡ್ಡಹೆಸರು ಬೇರೆ ಬಗೆಯಲ್ಲಿ ಹೆಸರಿನೊಳಗೆ ಸೇರಿಕೊಂಡಿದೆ. ಹಾವೇರಿ ಸೀಮೆಯ ಪಾಟೀಲ ಪುಟ್ಟಪ್ಪನವರು ‘ಪಾಪು’ ಆದರು, ಹತ್ತಿಮತ್ತೂರಿನ ಚಂದ್ರಶೇಖರ ಪಾಟೀಲರು ‘ಚಂಪಾ’ ಆದರು. ಎರಡೇ ಅಕ್ಷರ, ಇಡೀ ಕರ್ನಾಟಕ ಗುರುತಿಸುತ್ತದೆ!

ನಿಮ್ಮ ಮನೆಯ ಅಡ್ಡಹೆಸರು ಬ್ಯಾಡಗಿ ಎಂದಿಟ್ಟುಕೊಳ್ಳಿ; ‘ಮೇಸನ್ ಬ್ಯಾಡಗಿ’ ಎಂದರೆ ಎರಡು ಅಡ್ಡಹೆಸರು ಜೊತೆಯಾದಂತೆ. ಶಾಲೆ, ಪಾಸ್‌ಪೋರ್ಟ್ ಅರ್ಜಿಗಳಲ್ಲಿ ಯಾವುದು ಹೆಸರೆಂದು ಮಗು ಮತ್ತೆ ಮತ್ತೆ ಹೇಳಬೇಕಾದೀತು. ಚಿಕ್ಕ ಹೆಸರೇ ಬೇಕಿದ್ದರೆ ನಿಮ್ಮ ಜಿಲ್ಲೆಯ ಬಾಡದಲ್ಲಿ ಹುಟ್ಟಿದ ಕನಕನ ಹೆಸರಿದೆ. ನಾನಾದರೆ ಅದನ್ನೇ ಇಡುತ್ತಿದ್ದೆ. ತೊಟ್ಟಿಲಿಗೆ ಹಾಕುವ ದಿನ ಸೋದರತ್ತೆ ಕಿವಿಯಲ್ಲಿ ಹೇಳುವುದಕ್ಕೂ ಸಲೀಸು.

ಅವಸರ ಬೇಡ. ಹೆಸರಿಲ್ಲದೆಯೂ ಜನನ ನೋಂದಣಿ ಆಗುತ್ತದೆ. 12 ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು. ಅಷ್ಟರಲ್ಲಿ ಮಗ-ಸೊಸೆಯೊಂದಿಗೆ ಕೂತು ಮಾತಾಡಿ.